ಹೇಳಿಕೊಟ್ಟ ಮಾತು

"ಅಮ್ಮ ನನ್ನನ್ನ ಕತ್ತಲೆ ಕೋಣೇಲಿ ಕೂಡಿ ಹಾಕ್ತಾಳೆ," ಎಂದು ಎಂಟು ವರ್ಷದ ಹುಡುಗಿ ನ್ಯಾಯಾಧೀಶರ ಮುಂದೆ ಹೇಳಿದಳು. ಒಂದು ಕ್ಷಣ ತಡೆದಳು. ತುಟಿ ಅದುರಿತು. ಆಮೇಲೆ ಎರಡೂ ಕಣ್ಣಿನಿಂದ ನೀರು ದಳದಳ ಇಳಿಯಿತು. "ನಾನು ಅಪ್ಪನ ಜೊತೇನೇ ಇರ್ತೀನಿ ಸಾರ್. ಅಪ್ಪ ಪಕ್ಕದಲ್ಲಿ ಇಲ್ದಿದ್ರೆ ನಂಗೆ ನಿದ್ದೆ ಬರಲ್ಲ ಸಾರ್."

ಟೈಪು ಮಾಡಿಕೊಳ್ಳುತ್ತಿದ್ದವಳ ಬೆರಳು ನಿಂತಿತು. ನಿವೃತ್ತಿಯ ಅಂಚಿನಲ್ಲಿದ್ದ ನ್ಯಾಯಾಧೀಶರು ಕನ್ನಡಕ ತೆಗೆದು ಒರೆಸತೊಡಗಿದರು. ಮೊಮ್ಮಕ್ಕಳನ್ನು ಎತ್ತಿ ಆಡಿಸಿದ ಮನುಷ್ಯ, ಕರುಳು ಚುರುಕ್ಕೆಂದಿರಬೇಕು. ಹುಡುಗಿಯ ಅಪ್ಪ ಅಮ್ಮ ಬೇರೆಯಾಗಿದ್ದರು. ಮಗು ಯಾರ ಹತ್ತಿರ ಇರಬೇಕು ಅನ್ನುವುದಷ್ಟೇ ಬಾಕಿಯಿತ್ತು. ಅವರಿಬ್ಬರೂ ಹೊರಗೆ ಒಂದೇ ಬೆಂಚಿನ ಎರಡು ತುದಿಗೆ ಕೂತಿದ್ದರು.

ಹುಡುಗಿಯ ಪಕ್ಕದ ಕುರ್ಚಿಯಲ್ಲಿದ್ದ ಪಾಪು ಮೇಡಂ ಮಾತ್ರ ಅಲ್ಲಾಡಲಿಲ್ಲ. ಇಂಥ ಮಕ್ಕಳ ಜೊತೆಗಿರಲೆಂದು ಕೋರ್ಟಿಗೆ ಬರುವ ಸಮಾಜಸೇವಕಿ ಆಕೆ. ತಲೆ ಅರ್ಧ ನರೆತಿದ್ದರೂ ಪಾಪು ಅನ್ನುವ ಹೆಸರು ಮಾತ್ರ ಬಿಟ್ಟಿರಲಿಲ್ಲ. ಆರನೇ ವಯಸ್ಸಿಗೆ ಸಿನಿಮಾಕ್ಕೆ ಬಂದು ಊರಿಗೆ ಊರೇ ಅಳುವಂತೆ ಮಾಡಿದವಳು. ಗ್ಲಿಸರಿನ್ ಬೇಡ, ಗದರಿಸುವುದೂ ಬೇಡ. 'ಅಳು ಪಾಪು' ಅಂದರೆ ಸಾಕು, ನಲ್ಲಿ ತಿರುಗಿಸಿದ ಹಾಗೆ. ಅತ್ತು ಮುಗಿಸಿದ ಕೂಡಲೇ ಕ್ಯಾಮೆರಾದ ಪಕ್ಕ ನಿಂತ ತಾಯಿಯ ಕಡೆ ನೋಡುತ್ತಿದ್ದಳು. ತಾಯಿ ತಲೆಯಾಡಿಸಿದರೆ ಅವತ್ತು ಜಗತ್ತೆಲ್ಲ ಸರಿಯಾಗಿದೆ ಎಂದರ್ಥ. ಕೈಕಾಲು ಉದ್ದವಾಗುತ್ತಿದ್ದಂತೆ ಪಾತ್ರಗಳು ನಿಂತವು. ಆದರೆ ಆಮೇಲೂ ಎಷ್ಟೋ ವರ್ಷ, ಊಟಕ್ಕೇನು ಬೇಕೆಂದು ಯಾರಾದರೂ ಕೇಳಿದರೆ ಆಕೆ ಉತ್ತರಕ್ಕಾಗಿ ಕೇಳಿದವರ ಮುಖವನ್ನೇ ನೋಡುತ್ತಿದ್ದಳು.

ನಿಜವಾಗಿ ಅಳುವ ಮಗುವಿಗೆ ಮೂಗು ಸೋರುತ್ತದೆ, ಬಿಕ್ಕಳಿಕೆಯಲ್ಲಿ ಮಾತು ತುಂಡಾಗುತ್ತದೆ. ಈ ಹುಡುಗಿಯದು ಒಂದಕ್ಷರ ಆಚೀಚೆ ಆಗಿರಲಿಲ್ಲ. ಕೊನೆಯ ಮಾತು ಮುಗಿದದ್ದೇ ತಡ, ಅವಳ ಕಣ್ಣು ಬಾಗಿಲಿನ ಗಾಜಿನತ್ತ ಓಡಿತು. ಗಾಜಿನಾಚೆ ಅಪ್ಪ ಎದ್ದು ಬಂದು ನಿಂತಿದ್ದ.

ಪಾಪು ಮೇಡಂ ಎದ್ದುಹೋಗಿ ಗಾಜಿಗೆ ಪರದೆ ಎಳೆದಳು. ವಾಪಸು ಬಂದು ಕುರ್ಚಿಯ ಬದಲು ಹುಡುಗಿಯ ಕಾಲ ಬಳಿ ನೆಲದ ಮೇಲೆ ಕೂತಳು.

"ತುಂಬಾ ಚೆನ್ನಾಗಿ ಹೇಳ್ದೆ ಪುಟ್ಟಿ."

ಹುಡುಗಿಯ ಮುಖ ಅರಳಿತು. ಕೆನ್ನೆ ಇನ್ನೂ ಒದ್ದೆಯಾಗಿತ್ತು. "ಎಲ್ಲಾ ಬಂತಾ ಆಂಟಿ? ಮಧ್ಯದಲ್ಲಿ ಏನೂ ಬಿಟ್ಟಿಲ್ಲ ತಾನೆ?"

"ಏನೂ ಬಿಟ್ಟಿಲ್ಲ."

ಹುಡುಗಿ ಧೈರ್ಯ ಬಂದವಳಂತೆ ಬಾಗಿ ದನಿ ತಗ್ಗಿಸಿದಳು. "ಅಮ್ಮ ಹೇಳಿಕೊಟ್ಟಿದ್ದು ಬೇರೆ ಇದೆ. ಅದ್ರಲ್ಲಿ ಅಪ್ಪ ಬೆಲ್ಟಲ್ಲಿ ಹೊಡೀತಾರೆ. ಅದನ್ನೂ ಹೇಳ್ಲಾ? ಅದಕ್ಕೆ ಇನ್ನೂ ಜಾಸ್ತಿ ಅಳ್ಬೇಕು."

ನ್ಯಾಯಾಧೀಶರು ಒರೆಸುತ್ತಿದ್ದ ಕನ್ನಡಕವನ್ನು ಹಾಗೇ ಮೇಜಿನ ಮೇಲಿಟ್ಟರು.

"ಇಬ್ರು ಹೇಳಿಕೊಟ್ಟಿದ್ದೂ ಬೇಡ. ನಿಂಗೆ ಏನು ಬೇಕು, ಅದನ್ನ ಹೇಳು," ಅಂದಳು ಪಾಪು ಮೇಡಂ.

ಹುಡುಗಿ ಬಾಯಿ ತೆರೆದಳು, ಮುಚ್ಚಿದಳು. ಪರದೆಯ ಕಡೆ ನೋಡಿದಳು. ಅಲ್ಲೇನೂ ಕಾಣದೆ ಪಾಪು ಮೇಡಂ ಮುಖದ ಮೇಲೆ ಕಣ್ಣು ನೆಟ್ಟಳು. ಆ ನೋಟ ಆಕೆಗೆ ಹೊಸದಲ್ಲ. ತಪ್ಪಿಯೂ ತಲೆಯಾಡಿಸಬಾರದೆಂದು ಕತ್ತು ಬಿಗಿಹಿಡಿದು ಕೂತಳು.

"ಅದನ್ನ ಯಾರೂ ಹೇಳಿಕೊಟ್ಟಿಲ್ಲ," ಅಂದಳು ಹುಡುಗಿ, ಪಾಠ ಒಪ್ಪಿಸಲಾಗದವಳ ಸಣ್ಣ ದನಿಯಲ್ಲಿ.

"ಪರವಾಗಿಲ್ಲ. ನಿಧಾನವಾಗಿ ಯೋಚನೆ ಮಾಡು. ಒಳಗೆ ಏನು ಹೇಳ್ದೆ ಅಂತ ಹೊರಗೆ ಯಾರಾದ್ರೂ ಕೇಳಿದ್ರೂ ಹೇಳಬೇಕು ಅಂತೇನಿಲ್ಲ." ಆಕೆ ಮೇಜಿನ ಕಡೆ ತಿರುಗಿದಳು. "ಸಾರ್, ಇವತ್ತೇ ಏನೂ ತೀರ್ಮಾನ ಮಾಡ್ಬೇಡಿ. ಮನೇಲಿ ನಿಜಕ್ಕೂ ಏನಾಗಿದೆ ಅಂತ ನಾನು ಹೋಗಿ ನೋಡ್ತೀನಿ. ಇವಳು ಸ್ವಲ್ಪ ದಿನ ನಮ್ಮ ಮಕ್ಕಳ ಕೇಂದ್ರಕ್ಕೆ ಬಂದು ಆಡ್ಕೊಂಡು ಹೋಗ್ಲಿ."

ನ್ಯಾಯಾಧೀಶರು ಮುಂದಿನ ತಾರೀಕು ಹೇಳಿ ಬರೆಸಿದರು. ಆಮೇಲೆ ಆಕೆಯನ್ನೇ ನೋಡುತ್ತ ಹೇಳಿದರು: "ಕಾಲೇಜಲ್ಲಿ ಓದ್ತಾ ಇದ್ದಾಗ ನಿಮ್ಮ ಸಿನಿಮಾ ನೋಡಿ ಅತ್ತಿದ್ದೆ ಕಣಮ್ಮ. ಆ ಅಳು ನಿಜ ಅಂತಲೇ ಅಂದ್ಕೊಂಡಿದ್ದೆ."

"ನಾನೂ ಹಾಗೇ ಅಂದ್ಕೊಂಡಿದ್ದೆ ಸಾರ್," ಅಂದಳು ಪಾಪು ಮೇಡಂ.

ಬಾಗಿಲು ತೆರೆದದ್ದೇ ಅಪ್ಪ ಅಮ್ಮ ಇಬ್ಬರೂ ಧಾವಿಸಿ ಬಂದರು. ಅಪ್ಪನ ಕಣ್ಣು ನಿದ್ದೆಗೆಟ್ಟು ಕೆಂಪಾಗಿತ್ತು. ಅಮ್ಮ ಕೈಯಲ್ಲಿದ್ದ ನೀರಿನ ಬಾಟಲಿಯನ್ನು ಎರಡೂ ಕೈಯಿಂದ ಅವುಚಿ ಹಿಡಿದಿದ್ದಳು. ಕೆಟ್ಟವರಂತೆ ಕಾಣಲಿಲ್ಲ. ಹೆದರಿದವರಂತೆ ಕಂಡರು.

"ಏನು ಹೇಳ್ದೆ ಮಗಾ ಒಳಗೆ?" ಅಪ್ಪ ಕೇಳಿದ.

"ನಾನು ಹೇಳಿದ್ದು ನೆನಪಿತ್ತಾ ಕಂದಾ?" ಅಮ್ಮನೂ ಕೇಳಿದಳು.

ಹುಡುಗಿ ಒಮ್ಮೆ ಅಪ್ಪನ ಮುಖ, ಒಮ್ಮೆ ಅಮ್ಮನ ಮುಖ ನೋಡಿದಳು.

"ಹೇಳಲ್ಲ," ಅಂದಳು.

ಅವಳ ಬೂಟಿನ ಲೇಸು ಬಿಚ್ಚಿಹೋಗಿತ್ತು. ಅಲ್ಲೇ ಕಾರಿಡಾರಿನ ನಡುವೆ ಕುಕ್ಕರುಗಾಲಲ್ಲಿ ಕೂತಳು. ಕಟ್ಟಿಕೊಡಲು ಎಡಗಡೆಯಿಂದೊಂದು, ಬಲಗಡೆಯಿಂದೊಂದು ಕೈ ಒಟ್ಟಿಗೇ ಚಾಚಿದವು. ಹುಡುಗಿ ಕಾಲನ್ನು ಒಳಕ್ಕೆಳೆದುಕೊಂಡು, ನಾಲಿಗೆಯ ತುದಿಯನ್ನು ಹಲ್ಲಿನ ನಡುವೆ ಹಿಡಿದು, ಸೊಟ್ಟಸೊಟ್ಟಗೆ ತಾನೇ ಗಂಟು ಹಾಕತೊಡಗಿದಳು.