ಡಬ್ಬಿ ಬಾರದ ತಾರೀಖು

ತನ್ವೀರ್ ಕೋರ್ಟಿನ ಮೆಟ್ಟಿಲು ಹತ್ತಿ ಬರುವಾಗ ಗೌತಮ ಅವನ ಮುಖ ನೋಡಲಿಲ್ಲ, ಕೈ ನೋಡಿದ. ಕೈಯಲ್ಲಿ ಊಟದ ಡಬ್ಬಿ ಇರಲಿಲ್ಲ.

ಕಲಬುರಗಿಯ ಆ ಕೋರ್ಟಿನಲ್ಲಿ ಮೂರು ವರ್ಷದಿಂದ ಒಂದು ತಮಾಷೆ ನಡೆದಿತ್ತು. ಚೆಕ್ ಬೌನ್ಸ್ ಕೇಸಿನ ಆರೋಪಿ ತನ್ವೀರ್ ಪ್ರತಿ ತಾರೀಖಿಗೂ ಫಿರ್ಯಾದಿ ಗೌತಮನಿಗೆ ಊಟ ತರುತ್ತಿದ್ದ. ತನ್ವೀರನ ತಾಯಿ ಚಾಂದಬಿ ಇಬ್ಬರಿಗೂ ಸೇರಿಸಿಯೇ ಕಟ್ಟುತ್ತಿದ್ದಳು. ಹುಡುಗರಿಬ್ಬರೂ ಯಾವುದೋ ಕೇಸಿನಲ್ಲಿ ಒಟ್ಟಿಗೆ ಸಿಕ್ಕಿಬಿದ್ದಿದ್ದಾರೆ ಎಂದೇ ಆ ಮುದುಕಿ ತಿಳಿದಿದ್ದಳು. ಒಬ್ಬ ಇನ್ನೊಬ್ಬನ ಮೇಲೆ ಹಾಕಿದ ಕೇಸು ಎಂದು ಹೇಳುವ ಧೈರ್ಯ ಇಬ್ಬರಿಗೂ ಇರಲಿಲ್ಲ. ಕೋರ್ಟಿನ ಅಂಗಳದ ಬೇವಿನ ಗಿಡದ ಕೆಳಗೆ ಕೂತು ಒಂದೂ ಮಾತಾಡದೆ ಉಣ್ಣುತ್ತಿದ್ದರು. ಖಾಲಿ ಡಬ್ಬಿ ಹಾಗೇ ವಾಪಸು ಕಳಿಸಬಾರದೆಂದು ಗೌತಮ ಅದರಲ್ಲಿ ತನ್ನೂರು ಕಮಲಾಪುರದ ಕೆಂಪು ಬಾಳೆಹಣ್ಣು ತುಂಬಿ ಕೊಡುತ್ತಿದ್ದ. ಇಂದೂ ಒಂದು ಚಿಪ್ಪು ತಂದಿದ್ದ. ಕಮಲಾಪುರದ ಬಾಡಿಗೆ ಕೋಣೆಯಲ್ಲಿ, ಉಂಡೆಯಾ ಎಂದು ಕೇಳುವ ಒಂದು ನರಪಿಳ್ಳೆಯೂ ಅವನಿಗಿರಲಿಲ್ಲ.

ಇಬ್ಬರೂ ಕೂಡಿ ಟೆಂಪೋ ಇಟ್ಟು ಮಹಾಗಾಂವದ ತೊಗರಿಯನ್ನು ನಂದೂರಿನ ದಾಲ್ ಮಿಲ್ಲುಗಳಿಗೆ ಸಾಗಿಸುತ್ತಿದ್ದವರು. ಗೌತಮ ತನ್ನ ಪಾಲು ಬಿಡಿಸಿಕೊಂಡಾಗ, ಟೆಂಪೋ ಇಟ್ಟುಕೊಂಡ ತನ್ವೀರ್ ಒಂದು ಲಕ್ಷ ಅರವತ್ತು ಸಾವಿರದ ಚೆಕ್ ಬರೆದುಕೊಟ್ಟು, "ನಾ ಹೇಳೂತನಕ ಬ್ಯಾಂಕಿಗಿ ಹಾಕಬ್ಯಾಡೋ" ಎಂದಿದ್ದ. ಹೇಳುವುದು ತಡವಾಯಿತು. ಮೂರು ತಿಂಗಳು ದಾಟಿದರೆ ಚೆಕ್ಕು ರದ್ದಿ ಕಾಗದ ಎಂದು ಯಾರೋ ಗೌತಮನ ಕಿವಿ ಊದಿದರು. ಇನ್ನೆರಡು ದಿನ ಇದೆ ಎನ್ನುವಾಗ ಅವನು ಕೇಳದೆ ಹಾಕಿಬಿಟ್ಟ; ಖಾತೆಯಲ್ಲಿ ರೊಕ್ಕವಿಲ್ಲದೆ ಚೆಕ್ ವಾಪಸಾಯಿತು. ಒಂದು ಫೋನ್ ಮಾಡಿದ್ದರೆ ತನ್ವೀರ್ ಬೇರೆ ಚೆಕ್ ಬರೆದುಕೊಡುತ್ತಿದ್ದ. ಫೋನಿನ ಬದಲು ವಕೀಲರ ನೋಟಿಸ್ ಹೋಯಿತು. ಆಮೇಲೆ ಇಬ್ಬರಿಗೂ ಹಟ.

ಹನ್ನೆರಡಕ್ಕೆ ತೀರ್ಪು ಬಂತು. ಆರೋಪಿ ತಪ್ಪಿತಸ್ಥ. ಎರಡು ಲಕ್ಷ ಹತ್ತು ಸಾವಿರ ದಂಡ, ಅದರಲ್ಲಿ ಐದು ಸಾವಿರ ಸರಕಾರಕ್ಕೆ, ಉಳಿದದ್ದು ಫಿರ್ಯಾದಿಗೆ ಪರಿಹಾರ. ಕಟ್ಟದಿದ್ದರೆ ಆರು ತಿಂಗಳು ಸಜೆ. "ಗೆದ್ದಿ ನೋಡು" ಎಂದು ವಕೀಲರು ಗೌತಮನ ಬೆನ್ನು ತಟ್ಟಿದರು. ಅವನ ಕಿವಿಯಲ್ಲಿ ಉಳಿದದ್ದು ಸಜೆ ಎಂಬ ಮಾತೊಂದೇ. ಬೇಡ ಸಾಹೇಬರೆ ಎಂದು ಕೂಗಿಬಿಡಲೇ ಅನ್ನಿಸಿತು. ಆದರೆ ತನ್ವೀರ್ ಆಗಲೇ ಚೀಲದಿಂದ ನೋಟಿನ ಕಟ್ಟು ತೆಗೆದಿದ್ದ. ಕಚೇರಿಯಲ್ಲಿ ದಂಡ ಕಟ್ಟಿ, ರಸೀದಿ ಮಡಚಿ ಜೇಬಿಗಿಟ್ಟುಕೊಂಡು ಹೊರಗೆ ಬಂದ.

ಮೂರು ವರ್ಷದಲ್ಲಿ ಮೊದಲ ಸಲ ಗೌತಮ ಅವನ ಮುಂದೆ ಬಾಯಿ ಬಿಟ್ಟ. "ಇಷ್ಟು ರೊಕ್ಕ ಎಲ್ಲಿಂದ ಬಂತೋ?"

"ಟೆಂಪೋ ಮಾರಿದೆ."

"ಡಬ್ಬಿ?"

"ಟೆಂಪೋ ಯಾಕ ಮಾರ್ದಿ ಅಂತ ಅಮ್ಮಿ ಕೇಳಿದಳು. ಇನ್ನೆಷ್ಟು ಸುಳ್ಳು ಹೇಳ್ಲಿ? ಎಲ್ಲಾ ಹೇಳ್ದೆ."

"ಏನಂದಳು?"

"ಡಬ್ಬ್ಯಾಗ ತುಂಬಿದ್ದ ಖಾನಾ ತಿರುಗಿ ಬೋಗಾಣ್ಯಾಗ ಸುರುವಿದಳು."

ಗೌತಮ ಹಣ್ಣಿನ ಚೀಲ ಮುಂದೆ ಹಿಡಿದ. "ಇದನ್ನಾದ್ರೂ ಅಮ್ಮಿಗಿ ಒಯ್ಯೋ."

ತನ್ವೀರ್ ಚೀಲವನ್ನು ನೋಡಿದ, ಬೇವಿನ ಗಿಡವನ್ನು ನೋಡಿದ. "ಯಾವ ಡಬ್ಬ್ಯಾಗ ಹಾಕ್ಕೊಂಡು ಹೋಗ್ಲಿ?" ಎಂದು ಗೇಟಿನ ಕಡೆ ನಡೆದುಬಿಟ್ಟ.

ಕಮಲಾಪುರದ ಬಸ್ಸಿನಲ್ಲಿ ಗೌತಮ ಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಕೂತ. ಬೆಳಗಿನಿಂದ ಏನೂ ತಿಂದಿರಲಿಲ್ಲ, ಆದರೂ ಒಂದು ಹಣ್ಣು ಸುಲಿಯಲು ಮನಸ್ಸಾಗಲಿಲ್ಲ. ಪಕ್ಕದಲ್ಲಿ ಕೂತಿದ್ದ ಹೆಂಗಸು ಚೀಲದೊಳಗೆ ಇಣುಕಿ ನಕ್ಕಳು.

"ಮಂದಿ ಎಲ್ಲಾ ಕಮಲಾಪುರದಿಂದ ಕೆಂಪು ಬಾಳಿಹಣ್ಣು ಒಯ್ತಾರ. ನೀ ಏನಪಾ, ಕಲಬುರಗಿಯಿಂದ ಕಮಲಾಪುರಕ್ಕ ಒಯ್ಯಾಕ ಹೊಂಟಿ! ಮನ್ಯಾಗ ತಿನ್ನೋರು ಭಾಳ ಮಂದಿ ಅದಾರೇನು?"