ದೊಡ್ಡೋನಿಗೆ ಗೊತ್ತಾಗದ ಮನೆ

ಆಂಜಿನಪ್ಪ ಇನ್ನೊಮ್ಮೆ ಗೋಡೆಗೆ ಭುಜ ಕೊಟ್ಟು ನೂಕಿದ. ಸುಣ್ಣ ಉದುರಿತು. ಇದೂ ಬೇಡವೆಂದು ಹೊರಗೆ ಬಂದ.

ಆ ಚಿನ್ನದ ಗಣಿಯ ಊರಿನಲ್ಲಿ ಬೆಳಗಿನಿಂದ ಅವನು ಬೇಡವೆಂದ ಮೂರನೆಯ ಮನೆ ಅದು. ಆಂಡರ್ಸನ್‌ಪೇಟೆಯ ಮನೆಯ ಬಾಗಿಲು ತೀರಾ ಅಗಲವಾಯಿತು. ಇನ್ನೊಂದರ ಹಿತ್ತಲಲ್ಲಿ ಬಾಳೆ ಗೊನೆ ಬಿಟ್ಟಿತ್ತು. ಅದನ್ನು ಕಂಡವನೇ ಬಾಡಿಗೆಯನ್ನೂ ಕೇಳದೆ ತಿರುಗಿದ. ಈಗ ಕೋರಮಂಡಲಿನ ಈ ಗೋಡೆ. ಮನೆ ತೋರಿಸುತ್ತಿದ್ದ ಬ್ರೋಕರ್ ನರೇಶ್, ಇವನಿಗೆ ವಾಸ್ತು ಹುಚ್ಚೆಂದು ತಿಳಿದು ಈಶಾನ್ಯ ಮೂಲೆಯ ಮಹಿಮೆ ಹೇಳತೊಡಗಿದ. ಹೆಂಡತಿ ಮುನಿಲಕ್ಷ್ಮಿ ಬಟ್ಟೆಗಂಟಿನ ಮೇಲೆ ಕೂತು, ಗಂಡ ಬೇಡವೆಂದ ಮನೆಯನ್ನೇ ಆಸೆಯಿಂದ ನೋಡುತ್ತಿದ್ದಳು. ಊರಿನ ಮನೆಯ ಗೋಡೆ ಬಿದ್ದ ದಿನದಿಂದ ಅವಳು ನೆಟ್ಟಗೆ ನಿದ್ದೆ ಮಾಡಿರಲಿಲ್ಲ. ಕೂತಲ್ಲೇ ತೂಕಡಿಸುವಳು, ಬೆಚ್ಚಿ ಎದ್ದು ಕಿವಿಗೊಡುವಳು.

ಗೋಡೆ ಕೆಡವಿದವನು ದೊಡ್ಡೋನು. ಬಂಗಾರಪೇಟೆಯ ಆಚೆ, ಗಡಿಯಂಚಿನ ಅವರ ಹಳ್ಳಿಯಲ್ಲಿ ಎಲ್ಲರೂ ಅವನನ್ನು ಕರೆಯುತ್ತಿದ್ದುದು ಹಾಗೆಯೇ. ನಿಜವಾದ ಹೆಸರನ್ನು ಬಾಯಿಬಿಟ್ಟು ಹೇಳುವಂತಿಲ್ಲ. ಹೇಳಿದರೆ ಎಲ್ಲಿದ್ದರೂ ಕೇಳಿಸಿಕೊಂಡು ಬರುತ್ತಾನೆಂದು ಆಂಜಿನಪ್ಪನ ಅಜ್ಜಿಯೇ ಹೇಳಿದ್ದಳು. ಆ ಭಯಕ್ಕೆ ಊರಿನವರು ಆಣೆ ಇಡುವುದನ್ನೂ ಬಿಟ್ಟು ಪ್ರಮಾಣ ಮಾಡುತ್ತಿದ್ದರು. ಇಂಥ ಮೂಢನಂಬಿಕೆ ತನಗಿಲ್ಲವೆಂದು ಆಂಜಿನಪ್ಪನಿಗೆ ಹೆಮ್ಮೆ. ಆದರೂ ಇಲ್ಲದ ಉಸಾಬರಿ ಯಾಕೆಂದು ಅವನು ಆ ಹೆಸರನ್ನು ಮನಸ್ಸಿನಲ್ಲೂ ಅಂದುಕೊಳ್ಳುತ್ತಿರಲಿಲ್ಲ.

ದೊಡ್ಡೋನು ತಮಿಳುನಾಡಿನ ಕಡೆಯಿಂದ ಗಡಿ ದಾಟಿ ಬಂದವನು. ಹಿಂದೆ ಯಾವಾಗಲೂ ಒಂದು ದಂಡು. ಅವನು ಬರುತ್ತಾನೆಂದರೆ ಊರವರು ಪಟಾಕಿ ಹೊಡೆಯುತ್ತಿದ್ದರು. ಯಾರದೇ ಹೊಲವಾದರೂ ಕಾಲಿಟ್ಟ ಮೇಲೆ ಅವನದೇ. ದೂರು ಕೊಟ್ಟರೆ ಸರ್ಕಾರದವರು ಜೀಪಿನಲ್ಲಿ ಬಂದು, ಬಿದ್ದ ಗೋಡೆಯ ಫೋಟೋ ತೆಗೆದು, ನೀವು ಮಾತ್ರ ಅವನ ಮೈ ಮುಟ್ಟಬೇಡಿ, ಕೇಸಾಗುತ್ತದೆ ಎಂದು ಬುದ್ಧಿ ಹೇಳಿ ಹೋದರು.

ಅವನು ಮನೆಗೆ ನುಗ್ಗಿದ ಮುಸ್ಸಂಜೆ ಆಂಜಿನಪ್ಪ ತೋರಿಸಿದ ಶೌರ್ಯದ ಬಗ್ಗೆ ಯಾರೂ ಲಾವಣಿ ಕಟ್ಟುವುದಿಲ್ಲ. ಕರೆಂಟು ಹೋಗಿತ್ತು. ಗೋಡೆ ಬಿದ್ದದ್ದೇ ತಡ, ಹೆಂಡತಿಯ ಕೈ ಹಿಡಿದು, "ಎದ್ರಬ್ಯಾಡ, ನಾನಿದೀನಿ" ಎನ್ನುತ್ತ ಕೆರೆಯೇರಿಯವರೆಗೆ ಓಡಿದ. ಅಲ್ಲಿ ತಿರುಗಿ ನೋಡಿದರೆ ಕೈಯಲ್ಲಿದ್ದದ್ದು ಮೇಕೆಯ ಹಗ್ಗ. ಅದರ ತುದಿಯಲ್ಲಿ ಮೇಕೆಯೂ ಇರಲಿಲ್ಲ. ಮುನಿಲಕ್ಷ್ಮಿ ಒಲೆಯ ಮೂಲೆಯಲ್ಲಿ ಉಸಿರು ಬಿಗಿಹಿಡಿದು ಕೂತೇ ಇದ್ದಳು. ದೊಡ್ಡೋನು ಅವಳ ಕಣ್ಣೆದುರೇ ರಾಗಿಮೂಟೆ ಎಳೆದುಕೊಂಡು ಹೋಗಿದ್ದ. ಆಮೇಲೂ ಅವಳು ಗಂಡನನ್ನು ಒಂದು ಮಾತು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತೆಂದು ಆಂಜಿನಪ್ಪನಿಗೆ ಈಗಲೂ ಅನ್ನಿಸುತ್ತದೆ.

ನಾಲ್ಕನೆಯ ಮನೆ ಉರಿಗಾಂನಲ್ಲಿ, ಗಣಿ ಕೆಲಸಗಾರರ ಹಳೆಯ ಸಾಲುಮನೆಗಳಲ್ಲೊಂದು. ಎರಡು ಸೈಕಲ್ ಎದುರಾದರೆ ಒಂದು ಚರಂಡಿಗೆ ಇಳಿಯಬೇಕು, ಅಂಥ ಗಲ್ಲಿ. ಆಂಜಿನಪ್ಪನ ಮುಖ ಅರಳಿತು. ಬಾಗಿಲು ಅವನೇ ಮೈ ಓರೆ ಮಾಡಿ ನುಸುಳಬೇಕಾದಷ್ಟು ಕಿರಿದು. ಗೋಡೆಗೆ ಭುಜ ಕೊಟ್ಟ, ಭುಜವೇ ನೊಂದಿತು. ತನ್ನ ಗಂಡ ಗಣಿಗೆ ಇಳಿಯುತ್ತಿದ್ದ ಕಾಲದಲ್ಲಿ ಭೂಮಿ ನಡುಗಿದರೂ ಆ ಕಲ್ಲುಗೋಡೆ ಅಲ್ಲಾಡಲಿಲ್ಲವೆಂದು ಮನೆಯೊಡತಿ ಮಾರಿಯಮ್ಮ ಹೇಳಿದಳು. ಒಳಗೆ ಗಣಪತಿಯ ಕ್ಯಾಲೆಂಡರ್ ಬಿಟ್ಟರೆ ಮತ್ತೇನೂ ಇರಲಿಲ್ಲ. ಮುನಿಲಕ್ಷ್ಮಿ ಗೋಡೆಗೆ ಒರಗಿ ಕೂತವಳು ಹಾಗೆಯೇ ನಿದ್ದೆ ಹೋದಳು. ಸಣ್ಣಗೆ ಗೊರಕೆಯೂ ಶುರುವಾಯಿತು. ಆ ಗೊರಕೆ ಕೇಳಿ ಆಂಜಿನಪ್ಪನಿಗೆ ಅಳು ಬಂತು. ಇನ್ನು ಇಲ್ಲಿಂದ ಕದಲುವುದಿಲ್ಲ ಎಂದುಕೊಂಡ.

ಅವರು ಊರು ಬಿಟ್ಟದ್ದೇಕೆಂದು ಮಾರಿಯಮ್ಮ ಕೇಳಿದಳು. ಹೆಸರೊಂದು ಬಿಟ್ಟು ಅವನು ಎಲ್ಲವನ್ನೂ ಹೇಳಿದ. ಆಕೆಯ ಕಣ್ಣು ಕೆಂಪಾಯಿತು. ಅಣ್ಣ ಕುಪ್ಪುಸ್ವಾಮಿಯನ್ನು ಕೂಗಿದಳು. ಗಣಿ ಮುಚ್ಚಿದಾಗಿನಿಂದ ಒಂದು ಒಳ್ಳೆಯ ಜಗಳವೂ ಸಿಗದೆ ಬೇಸತ್ತಿದ್ದ ಕುಪ್ಪುಸ್ವಾಮಿ, ಗಲ್ಲಿಯ ಗಂಡಸರನ್ನು ಕಟ್ಟಿಕೊಂಡು ದೊಣ್ಣೆ ಸಮೇತ ಜಗುಲಿಗೆ ಬಂದ. ತನಗಾಗಿ ಇಷ್ಟು ಜನ ನಿಂತದ್ದು ಆಂಜಿನಪ್ಪನ ಜನ್ಮದಲ್ಲಿ ಇದೇ ಮೊದಲು. ಆ ದೊಣ್ಣೆಗಳು ಯಾವ ಮೂಲೆಗೂ ಸಾಲವು ಎನ್ನಲು ಅವನಿಗೆ ಮನಸ್ಸು ಬರಲಿಲ್ಲ.

"ಅವನ ಎಸ್ರು ಏಳುಪ್ಪಾ," ಎಂದಳು ಮಾರಿಯಮ್ಮ. "ಸ್ಟೇಷನ್ನಲ್ಲಿ ನಮ್ಮಣ್ಣಂಗೆ ಎಲ್ಲಾರೂ ಗೊತ್ತು. ಒಳಗೆ ಆಕುಸ್ತಾನೆ."

"ಏಳಬಾರ್ದಮ್ಮ. ಎಸ್ರು ಎತ್ತಿದ್ರೆ ಬಂದ್ಬಿಡ್ತಾನೆ."

"ಯಾರು ಅಂತ ಗೊತ್ತಿಲ್ದೆ ನಾನು ಎಂಗೆ ಮನೆ ಕೊಡ್ಲಿ? ಏಳ್ತೀಯಾ, ಗಂಟು ಎತ್ತುತೀಯಾ?"

ಆಂಜಿನಪ್ಪ ಗಂಟನ್ನು ನೋಡಿದ. ಹೆಂಡತಿಯನ್ನು ನೋಡಿದ. ಅವಳನ್ನು ಎಬ್ಬಿಸಲು ಕೈ ಬರಲಿಲ್ಲ. ತೋರಿಸುತ್ತೇನೆ, ಆದರೆ ನೀನು ಬಾಯಿಬಿಟ್ಟು ಹೇಳಬಾರದು ಎಂದ.

"ಅಮ್ಮನಾಣೆ ಏಳಲ್ಲ," ಎಂದಳು ಮಾರಿಯಮ್ಮ.

ಅವನು ಬೆಚ್ಚಿಬಿದ್ದ. "ಪ್ರಮಾಣ ಅನ್ನಮ್ಮ, ಪ್ರಮಾಣ ಅನ್ನು."

ಆಕೆ ಪ್ರಮಾಣ ಎಂದಳು. ಆಂಜಿನಪ್ಪ ತುಟಿ ಬಿಗಿದುಕೊಂಡು ಗೋಡೆಯ ಕ್ಯಾಲೆಂಡರಿನತ್ತ ಬೆರಳು ಮಾಡಿದ. ಆಮೇಲೆ ಹೆಂಡತಿಯ ಪಕ್ಕ ಕೂತು, ಹಗ್ಗವಲ್ಲ ಕೈಯೇ ಎಂದು ಎರಡು ಸಲ ನೋಡಿಕೊಂಡು, ಅವಳ ಕೈ ಹಿಡಿದುಕೊಂಡ.

ಮಾರಿಯಮ್ಮ ಕ್ಯಾಲೆಂಡರನ್ನು ನೋಡಿದಳು. ಸೆರಗಿನಿಂದ ಬಾಯಿ ಮುಚ್ಚಿಕೊಂಡು ಜಗುಲಿಗೆ ಓಡಿದಳು. ದೊಣ್ಣೆ ಹಿಡಿದು ಕಾಯುತ್ತಿದ್ದವರಲ್ಲಿ ಕನ್ನಡದವರಿದ್ದರು, ತಮಿಳರಿದ್ದರು, ತೆಲುಗರಿದ್ದರು. ಯಾರಿಗೂ ಅನುಮಾನ ಉಳಿಯಬಾರದಲ್ಲ.

"ಎಲ್ಲಾ ಮನೆಗೆ ಓಗ್ರಪ್ಪಾ," ಎಂದು ಇಡೀ ಉರಿಗಾಂಗೆ ಕೇಳುವಂತೆ ಕೂಗಿದಳು, "ಅದು ಆನೆ, ಯಾನೈ, ಏನುಗು."