ಹಳ್ಳದಾಚೆಗೆ ಕಾಣುವ ಅಕ್ಷರ

"ಅಯ್ಯಯ್ಯೋ, ಏನ್ ಮಾಡಿದ್ಯೋ ಗ್ಯಾನಪ್ಪ! ಇದ್ದದ್ದು ಇದೊಂದ ಫಾರಂ!" ಹೆಡ್ ಮಾಸ್ತರ್ ವೆಂಕೋಬರಾಯರು ತಲೆಯ ಮೇಲೆ ಕೈ ಹೊತ್ತರು.

ಬೆರಳಗಲದ ಜಾಗದಲ್ಲಿ ಮಾಡಬೇಕಿದ್ದ ಗ್ಯಾನಪ್ಪನ ಸಹಿ ಅರ್ಧ ಹಾಳೆ ನುಂಗಿತ್ತು. ನಿಜಾಮರ ಆಳ್ವಿಕೆ ಮುಗಿದು ವರ್ಷವಾಗಿತ್ತು. ಕುಷ್ಟಗಿಯ ಊರ ಶಾಲೆಗೆ ಊರ ಹೊರಗಿನ ಕೇರಿಯ ಮಕ್ಕಳನ್ನೂ ಸೇರಿಸಿಕೊಳ್ಳತೊಡಗಿದ್ದರು. ಹೆಸರು ಹಚ್ಚಲು ಅಂದೇ ಕಡೆಯ ದಿನ. ಫಾರಂ ಕೆಟ್ಟರೆ ಮಗಳು ಹುಲಗೆಮ್ಮ ಇನ್ನೊಂದು ವರ್ಷ ಮನೆಯಲ್ಲೇ.

"ಯಾವಾಗ್ಲೂ ನಿಂದ ಅವಸರ, ಸರಿ ಅತ್ತಾಗ!" ಸಾಕ್ಷಿಗೆ ಬಂದಿದ್ದ ಅಕ್ಕ ಫಕೀರಮ್ಮ ಟಾಕು ಕಸಿದುಕೊಂಡಳು. ಉಸಿರು ಬಿಗಿಹಿಡಿದು ಬರೆದಳು. 'ಫ' ಒಂದೇ ಅಂಗೈಯಗಲ ಬಂತು.

"ಅಕ್ಕ ತಮ್ಮ ಕೂಡಿ ನನ್ನ ಹೊಟ್ಟಿ ಉರಸಾಕ ಬಂದೀರೇನು? ಯಾವ ಸಾಲ್ಯಾಗ ಕಲ್ತೀರಿ?"

"ಕೇರಿ ಸಾಲ್ಯಾಗ್ರಿ, ಶಾಮೀದಸಾಬ ಮಾಸ್ತರ ಕಡೆ." ಗ್ಯಾನಪ್ಪನ ಮುಖ ಅರಳಿತು. "ತಪಾಸಣಿ ಸಾಹೇಬ್ರು ಕೇರ್ಯಾಗ ಕಾಲಿಡ್ತಿದ್ದಿಲ್ರಿ. ಹಳ್ಳದ ಆಚೀ ದಂಡಿಗೆ ನಿಂತು 'ಪಾಟಿ ಎತ್ರೋ' ಅಂತಿದ್ರು. ನಾವು ಈಚೀ ದಂಡ್ಯಾಗ ಸಾಲಾಗಿ ನಿಂತು ಎತ್ತಿ ಹಿಡೀತಿದ್ವಿ. ಅಕ್ಷರ ಕಂಡ್ರ ಪಾಸು, ಕಾಣದಿದ್ರ ನಪಾಸು!"

"ನನ್ನ ಹೆಸರಿಗೆ ನಾಕು ಪಾಟಿ ಬೇಕಾಗ್ತಿದ್ವ್ರೀ," ಎಂದಳು ಫಕೀರಮ್ಮ. "ಬಾಜೂಕಿದ್ದೋರು ಒಂದೊಂದು ಅಕ್ಷರ ಹಿಡೀಬೇಕು. ಒಮ್ಮೆ ಆ ದ್ಯಾವಪ್ಪ, ಮೂಳ, 'ಮ್ಮ' ತಲಿಕೆಳಗ ಹಿಡಿದ ನೋಡ್ರಿ. ತಪ್ಪು ಅವಂದು, ನಪಾಸು ನಾನು!"

ಇಬ್ಬರೂ ಬಿದ್ದು ಬಿದ್ದು ನಕ್ಕರು. ರಾಯರೂ ನಕ್ಕರು. ನಗುತ್ತಲೇ ಆ ಹಳ್ಳದ ಅಗಲ ಎಷ್ಟೆಂದು ಕೇಳಹೋದವರು ಹಾಳೆಯತ್ತ ಕಣ್ಣು ತಿರುಗಿಸಿದರು. ಅವರಿಗೆ ನಿಜಕ್ಕೂ ನಾಚಿಕೆಯಾಗಿತ್ತು.

ಇನ್ನು ಹಾಳೆಯಲ್ಲಿ ಹುಡುಗಿಯೇ ಕೈಯಾರೆ ಹೆಸರು ಬರೆಯಬೇಕಾದ ಜಾಗವೊಂದು ಉಳಿದಿತ್ತು. ಅದೂ ಮೀರಿದರೆ ಫಾರಂ ಕೆಲಸಕ್ಕೆ ಬಾರದು. ಅಪ್ಪನ ಕೈಯಲ್ಲೇ ಅಕ್ಷರ ಕಲಿತಿದ್ದ ಹುಲಗೆಮ್ಮ ನೆಲದ ಮೇಲೆ ಕೂತು, ಟಾಕನ್ನು ಮಸಿಯಲ್ಲಿ ಅದ್ದಿ, ಹಾಳೆಯ ಮೇಲ್ತುದಿಯಿಂದ ಗೀಟೆಳೆಯಲು ಕೈ ಎತ್ತಿದಳು.

"ತಡಿ, ತಡಿ!" ರಾಯರು ಕೂಗಿದರು.

ಅವರು ಕುರ್ಚಿ ಬಿಟ್ಟು ಬಂದು, ಅವಳ ಮೊಣಕೈಗೆ ಮೊಣಕೈ ತಾಗುವಂತೆ ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತರು.

"ಸಣ್ಣದಾಗಿ ಬರಿಯವ್ವಾ," ಎಂದರು. "ನಾನ ಹತ್ರ ಬಂದು ಓದ್ತೀನಿ."